ಮಾವನವರು ಹೇಳಿದ ‘ಮಲಯಾಳಂ ಪಿಚ್ಚರ್’ ಬೇರೆ, ನೀವು ನೋಡ್ತಿರೋದು ಬೇರೆ

ಪ್ರಶ್ನೆ: ಸರ್, ನಾನು ದಾವಣಗೆರೆ ಕಡೆಯವಳು, ಈಗ ಬೆಂಗಳೂರಲ್ಲಿ ಕೆಲಸ. ಲಾಕ್‌ಡೌನ್ ಟೈಮಲ್ಲಿ ಮಲಯಾಳಂ ಸಿನಿಮಾ ಹುಚ್ಚು ಹಿಡೀತು. ಹೊಸದೆಲ್ಲ ಮುಗಿಸಿ ಈಗ ಹಳೇದಕ್ಕೆ ಬಂದಿದ್ದೀನಿ, ಪದ್ಮರಾಜನ್, ಭರತನ್ ಅವ್ರದ್ದು. ಮೊನ್ನೆ ಹಾಲ್‌ನಲ್ಲಿ ಒಂದು ಹಾಕ್ಕೊಂಡು ಕೂತಿದ್ದೆ, ಮಾವ ಬಂದವ್ರು “ಇದು ಮಲಯಾಳಂ ಪಿಚ್ಚರಾ?” ಅಂತ ಕೇಳಿ ಹಾಗೇ ಎದ್ದು ಹೋದ್ರು. ಆಮೇಲೆ ಅತ್ತೆ ಹತ್ರ “ಮರ್ಯಾದಸ್ಥರ ಮನೇಲಿ ನೋಡೋ ಅಂಥದ್ದಲ್ಲ ಅದು” ಅಂದ್ರಂತೆ. ನಂಗೆ ತುಂಬಾ ಬೇಜಾರಾಯ್ತು. ಆದ್ರೆ ಯೂಟ್ಯೂಬ್‌ನಲ್ಲಿ ಹುಡುಕಿದ್ರೆ ಬರೋ ಫೋಟೋಗಳನ್ನ ನೋಡಿದ್ರೆ ಅವ್ರು ಹೇಳಿದ್ದೂ ನಿಜಾನೇನೋ ಅನ್ಸತ್ತೆ. ಒಂದು ಸಿನಿಮಾದಲ್ಲಂತೂ ಮಧ್ಯದಲ್ಲಿ ಕಥೆಗೆ ಸಂಬಂಧಾನೇ ಇಲ್ದಿರೋ ಒಂದು ಸೀನು ಬಂದು ಹೋಯ್ತು, ಮುಖಾನೇ ಕಾಣಲ್ಲ. ಹಳೇ ಮಲಯಾಳಂ ಸಿನಿಮಾ ನಿಜವಾಗ್ಲೂ ಹಾಗೇ ಇತ್ತಾ? ಈ ಹೆಸರು ಯಾಕೆ ಬಂತು? ನಮ್ಮ ಅಪಾರ್ಟ್‌ಮೆಂಟಲ್ಲಿ 12 ಜನ ಹೆಂಗಸರ ಓದುಬಳಗ ಇದೆ, ಅಲ್ಲಿ ಒಂದೆರಡು ತೋರಿಸೋಣ ಅಂತ ಆಸೆ. ತೋರಿಸ್ಬಹುದಾ?

ಉತ್ತರ: ನಿಮ್ಮ ಮಾವನವರು ಸುಳ್ಳು ಹೇಳಿಲ್ಲ ಮೇಡಂ, ನೀವೂ ತಪ್ಪು ಮಾಡಿಲ್ಲ. ನೀವಿಬ್ರೂ ಮಾತಾಡ್ತಿರೋದು ಬೇರೆ ಬೇರೆ ಸಿನಿಮಾ ಬಗ್ಗೆ, ಎರಡಕ್ಕೂ ಹೆಸರು ಮಾತ್ರ ಒಂದೇ ಆಗ್ಬಿಟ್ಟಿದೆ, ಅಷ್ಟೇ.

ಇದು ನನಗೆ ಹೇಗೆ ಗೊತ್ತು ಅಂದ್ರೆ ನಾನು ಕಾಸರಗೋಡಿನವನು. ಮನೇಲಿ ಕನ್ನಡ, ಪೇಟೇಲಿ ಮಲಯಾಳಂ. ಚಿಕ್ಕಂದಿನಲ್ಲಿ ಅಜ್ಜಿ, ಅಮ್ಮ, ಚಿಕ್ಕಮ್ಮಂದಿರ ಜೊತೆ ಸಾಲಾಗಿ ಹೋಗಿ ಟಾಕೀಸಲ್ಲಿ ಮಲಯಾಳಂ ಸಿನಿಮಾ ನೋಡಿ, ಅತ್ತು, ಬರ್ತಾ ದಾರೀಲಿ ಗೋಳಿಬಜೆ ತಿಂದು ಬರ್ತಿದ್ದ ಮನೆ ನಮ್ದು. 80ರ ದಶಕದ ಮಧ್ಯದಲ್ಲಿ ಓದೋಕೆ ಅಂತ ಬೆಂಗಳೂರಿಗೆ ಬಂದೆ, ಒಂದು ಭಾನುವಾರ ರೂಮ್‌ಮೇಟುಗಳಿಗೆ “ಮಲಯಾಳಂ ಪಿಚ್ಚರ್‌ಗೆ ಹೋಗೋಣ್ವಾ” ಅಂದೆ, ಅವ್ರು ಒಬ್ಬರ ಮುಖ ಒಬ್ಬರು ನೋಡ್ಕೊಂಡು ನಕ್ಕ ನಗು ಇದ್ಯಲ್ಲ, ಅದು ಇವತ್ತಿಗೂ ನೆನಪಿದೆ. ಅವತ್ತು ಮೆಜೆಸ್ಟಿಕ್ ಕಡೆ ಹೋಗಿ ಗೋಡೆ ಮೇಲಿನ ಪೋಸ್ಟರ್ ನೋಡಿದಾಗಲೇ ನಂಗೆ ಅರ್ಥ ಆಗಿದ್ದು, ನಮ್ಮಜ್ಜಿ ನೋಡಿದ ಮಲಯಾಳಂ ಸಿನಿಮಾ ಘಟ್ಟ ಹತ್ತಿ ಮೇಲೆ ಬಂದೇ ಇಲ್ಲ, ಬಂದಿರೋದು ಬೇರೇನೋ ಅಂತ. ಆಮೇಲೆ 30 ವರ್ಷ ಫಿಲಂ ಸೊಸೈಟಿ ಕೆಲಸ, ಪಾಠ, ಹಳೇ ಪ್ರಿಂಟುಗಳ ಹುಡುಕಾಟ ಅಂತ ಓಡಾಡಿದ್ದೀನಿ, ಆ ಪೋಸ್ಟರ್ ಯಾಕೆ ಹಾಗಿತ್ತು ಅನ್ನೋದು ಆ ಓಡಾಟದ ಉದ್ದಕ್ಕೂ ನನ್ನ ಜೊತೆಗೇ ಇತ್ತು.

ಮೊದಲು ಆ ಪೋಸ್ಟರ್ ವಿಷ್ಯ ಮುಗಿಸ್ತೀನಿ, ಯಾಕಂದ್ರೆ ನಿಮ್ಮ ಮಾವನವರ ತಲೇಲಿರೋದು ಅದೇ. ಕೇರಳದಲ್ಲಿ 70ರ ದಶಕದ ಕೊನೆಗೆ ವರ್ಷಕ್ಕೆ ನೂರಕ್ಕೂ ಹೆಚ್ಚು ಸಿನಿಮಾ ಬರ್ತಿತ್ತು. ಕೌಟುಂಬಿಕ, ಪೌರಾಣಿಕ, ವಡಕ್ಕನ್ ಪಾಟ್ಟು ಅನ್ನೋ ಉತ್ತರ ಕೇರಳದ ವೀರರ ಹಾಡುಗಳ ಕತ್ತಿವರಸೆ ಕಥೆಗಳು, ಕಾಮಿಡಿ, ರಾಜಕೀಯ, ಎಲ್ಲ. ಇದ್ರಲ್ಲಿ ಹೊರರಾಜ್ಯದ ಡಿಸ್ಟ್ರಿಬ್ಯೂಟರ್‌ಗಳು ದುಡ್ಡು ಕೊಟ್ಟು ತಗೊಂಡು ಹೋಗ್ತಿದ್ದದ್ದು ಯಾವುದನ್ನ? ಭಾಷೆ ಬರದೋರಿಗೂ ಟಿಕೆಟ್ ಮಾರೋಕೆ ಆಗೋದನ್ನ. ಎ ಸರ್ಟಿಫಿಕೇಟ್ ಇದ್ರೆ ಸಾಕು, ಪೋಸ್ಟರ್ ಮೇಲೆ ‘ಎ’ ಅನ್ನೋ ಅಕ್ಷರ ಸಿನಿಮಾ ಹೆಸರಿಗಿಂತ ದೊಡ್ಡದಾಗಿ ಬರೀತಿದ್ರು. ಹೆಸರು ಬದಲಾಯಿಸ್ತಿದ್ರು, ಹಾಡು ತೆಗೀತಿದ್ರು, ಸಂಸಾರಸ್ಥರು ಬರದ ಮಾರ್ನಿಂಗ್ ಶೋಗೆ ಹಾಕ್ತಿದ್ರು. ನೂರರಲ್ಲಿ ನಾಲ್ಕೈದು ಸಿನಿಮಾ ಮಾತ್ರ ಗಡಿ ದಾಟಿದ್ವು, ದಾಟಿದ ನಾಲ್ಕೈದನ್ನೇ ನೋಡಿದೋರು ನೂರನ್ನೂ ಹಾಗೇ ಅಂದ್ಕೊಂಡ್ರು. ಇದ್ರಲ್ಲಿ ನಿಮ್ಮ ಮಾವನವರ ತಪ್ಪೇನೂ ಇಲ್ಲ, ಅವ್ರ ಕಣ್ಣಿಗೆ ಬಿದ್ದಿದ್ದೇ ಅಷ್ಟು.

ಇನ್ನೊಂದು ವಿಷ್ಯ ಇದೆ, ಇದನ್ನ ಯಾರೂ ಅಷ್ಟಾಗಿ ಹೇಳಲ್ಲ. ಬಟ್ಟೆ. ಹಳೇ ಮಲಯಾಳಂ ಸಿನಿಮಾದಲ್ಲಿ ಹಳ್ಳಿ ಹೆಂಗಸು ಅಂದ್ರೆ ಮುಂಡು ಅನ್ನೋ ಪಂಚೆ, ರವಿಕೆ, ಅಷ್ಟೇ. ಮೇಲೆ ಸೆರಗು ಇರಲ್ಲ, ಕೆಲವೊಮ್ಮೆ ತೋರ್ತು ಅನ್ನೋ ತೆಳು ಟವೆಲ್ ಇರತ್ತೆ. ನಮ್ಮೂರ ಕಡೆ ಬೀಡಿ ಕಟ್ಟೋ ಹೆಂಗಸರು, ಮೀನು ಮಾರೋರು, ಗದ್ದೆ ಕೆಲಸದೋರು ಹಾಗೇ ಇರ್ತಿದ್ರು, ನೋಡಿದ್ರೆ ಯಾರಿಗೂ ಏನೂ ಅನ್ನಿಸ್ತಿರಲಿಲ್ಲ. ಅದೇ ಚಿತ್ರಾನ ಸೆರಗು ಇಲ್ದೆ ಹೆಂಗಸರು ಹೊರಗೇ ಬರದ ಊರಿನ ಗೋಡೆಗೆ ಅಂಟಿಸಿದ್ರೆ? ಅಲ್ಲಿನವ್ರಿಗೆ ಅದು ಬೇರೇನೇ ಹೇಳತ್ತೆ. ಕೇರಳದಲ್ಲೇ ಈ ಬಟ್ಟೆಗೆ ದೊಡ್ಡ ನೋವಿನ ಚರಿತ್ರೆ ಇದೆ. ದಕ್ಷಿಣ ತಿರುವಾಂಕೂರಿನಲ್ಲಿ ನಾಡಾರ್ ಹೆಂಗಸರು ಎದೆ ಮುಚ್ಚಿಕೊಳ್ಳೋ ಹಕ್ಕಿಗೆ ದಶಕಗಟ್ಟಲೆ ಹೋರಾಡಿ, 1859ರಲ್ಲಿ ರಾಜಾಜ್ಞೆ ಬಂದ ಮೇಲೆ ಅದು ಸಿಕ್ಕಿದ್ದು. ಯಾವ ಜಾತಿಯವಳು ಎಷ್ಟು ಮುಚ್ಚಿಕೋಬೇಕು ಅಂತ ಬೇರೆಯವ್ರು ತೀರ್ಮಾನ ಮಾಡ್ತಿದ್ದ ನಾಡು ಅದು. ಹಾಗಾಗಿ ಅಲ್ಲಿನ ಸಿನಿಮಾದಲ್ಲಿ ಹೆಣ್ಣಿನ ಮೈ ಬಂದಾಗೆಲ್ಲ ಹಿಂದೆ ಜಾತಿ ನಿಂತಿರತ್ತೆ, ಅದು ಗೊತ್ತಿಲ್ದೆ ನೋಡಿದ್ರೆ ಅರ್ಧಾನೇ ಕಾಣತ್ತೆ.

ಮೊಟ್ಟಮೊದಲ ಸಿನಿಮಾದಿಂದಲೇ ಹೀಗೆ. ಜೆ.ಸಿ. ಡೇನಿಯಲ್ ತೆಗೆದ ಮೂಕಿ ಚಿತ್ರ ‘ವಿಗತಕುಮಾರನ್’ ತಿರುವನಂತಪುರದಲ್ಲಿ ತೆರೆಕಂಡಾಗ ಗಲಾಟೆ ಆಯ್ತು. ನಾಯಕಿ ಪಿ.ಕೆ. ರೋಸಿ ದಲಿತ ಹೆಣ್ಣು, ಮಾಡಿದ್ದು ನಾಯರ್ ಮನೆತನದ ಹುಡುಗಿ ಪಾತ್ರ. ನಾಯಕ ಅವಳ ಮುಡಿಯ ಹೂವಿಗೆ ಮುತ್ತಿಡೋ ಒಂದು ದೃಶ್ಯ ಇತ್ತಂತೆ, ಅದಕ್ಕೇ ಜನ ಕೆರಳಿ ಪರದೆಗೆ ಕಲ್ಲು ಹೊಡೆದ್ರು ಅಂತ ಹೇಳ್ತಾರೆ. ಆ ಹುಡುಗಿ ಊರೇ ಬಿಟ್ಟು ತಮಿಳುನಾಡಿಗೆ ಓಡಿಹೋಗ್ಬೇಕಾಯ್ತು, ಮತ್ತೆ ಯಾವತ್ತೂ ಸಿನಿಮಾದಲ್ಲಿ ಕಾಣಿಸ್ಲಿಲ್ಲ. ಒಂದು ಹೂವಿಗೆ ಕೊಟ್ಟ ಮುತ್ತು! ಮಲಯಾಳಂ ಸಿನಿಮಾದಲ್ಲಿ ಶೃಂಗಾರದ ಚರಿತ್ರೆ ಬರೆಯೋದಾದ್ರೆ ನಾನು ಅಲ್ಲಿಂದಲೇ ಶುರು ಮಾಡ್ತೀನಿ.

1954ರ ‘ನೀಲಕ್ಕುಯಿಲ್’ನಲ್ಲೂ ಅದೇ ಎಳೆ. ಮೇಲ್ಜಾತಿಯ ಮೇಷ್ಟ್ರು, ದಲಿತ ಹುಡುಗಿ ನೀಲಿ, ಅವಳು ಬಸುರಿ, ಅವನು ಹಿಂದೆ ಸರೀತಾನೆ. ಮಗು ಹೆತ್ತು ಅವಳು ರೈಲು ಹಳಿ ಮೇಲೆ ಸಾಯ್ತಾಳೆ. 1965ರ ‘ಚೆಮ್ಮೀನ್’ ಬಗ್ಗೆ ನೀವು ಕೇಳಿರ್ತೀರ, ತಗಳಿ ಅವರ ಕಾದಂಬರಿ, ರಾಮು ಕಾರ್ಯಾಟ್ ನಿರ್ದೇಶನ, ದಕ್ಷಿಣ ಭಾರತಕ್ಕೆ ಮೊದಲ ರಾಷ್ಟ್ರಪತಿ ಚಿನ್ನದ ಪದಕ ತಂದ ಸಿನಿಮಾ. ಗಂಡ ಕಡಲಿಗೆ ಹೋದಾಗ ಅವನ ಜೀವ ದಡದಲ್ಲಿರೋ ಹೆಂಡತಿ ಶೀಲದ ಮೇಲೆ ನಿಂತಿದೆ ಅಂತ ನಂಬೋ ಮೀನುಗಾರರ ಕಥೆ. ಇಡೀ ಸಿನಿಮಾದಲ್ಲಿ ಬಯಕೆ ಬಿಟ್ರೆ ಬೇರೇನೂ ಇಲ್ಲ ಅನ್ನಬಹುದು, ಆದ್ರೆ ಅದನ್ನ ಕೊಳಕು ಅಂತ ಯಾರೂ ಅನ್ನಲಿಲ್ಲ, ರಾಷ್ಟ್ರಪತಿ ಪದಕ ಕೊಟ್ರು.

ಯಾಕೆ ಅಲ್ಲಿ ಈ ವಿಷ್ಯ ಇಷ್ಟು ಬಂತು ಅಂತ ನೀವು ಕೇಳ್ಬಹುದು. ಕಾರಣ ಒಂದಲ್ಲ. ನನಗೆ ಎಲ್ಲಕ್ಕಿಂತ ಮುಖ್ಯ ಅನ್ಸೋದು ಮನೆಯ ಚರಿತ್ರೆ. ನಮ್ಮ ತುಳುನಾಡಿನಲ್ಲಿ ಅಳಿಯಸಂತಾನ ಇದ್ದ ಹಾಗೆ ಕೇರಳದ ಎಷ್ಟೋ ಸಮುದಾಯಗಳಲ್ಲಿ ಮರುಮಕ್ಕತ್ತಾಯಂ ಇತ್ತು. ಆಸ್ತಿ ಹೆಣ್ಣಿನ ಕಡೆಯಿಂದ ಇಳಿಯೋದು, ಮಕ್ಕಳು ತಾಯಿಯ ತರವಾಡಿಗೆ, ಅಂದ್ರೆ ಕೂಡುಕುಟುಂಬದ ಮನೆಗೆ ಸೇರಿದವರು, ಗಂಡ ರಾತ್ರಿ ಬಂದು ಹೋಗೋ ಸಂಬಂಧಂ ಪದ್ಧತಿ, ಅದನ್ನ ಮುರಿಯೋದೂ ಸುಲಭ. ಇದನ್ನ ಸ್ವರ್ಗ ಅಂತ ನಾನು ಹೇಳ್ತಿಲ್ಲ, ಅಲ್ಲೂ ತರವಾಡಿನ ಯಜಮಾನಿಕೆ ಕಾರಣವರ್ ಅನ್ನೋ ಹಿರಿಯ ಗಂಡಸಿನ ಕೈಲೇ ಇತ್ತು, ನಂಬೂದಿರಿಗಳ ದರ್ಪ ಬೇರೆ. ಆದ್ರೆ ಹೆಣ್ಣಿನ ಮೈ ಮನಸ್ಸು ಒಬ್ಬ ಗಂಡನಿಗೆ ಜೀವನಪೂರ್ತಿ ಕಟ್ಟುಬಿದ್ದಿದ್ದು ಅನ್ನೋ ನೀತಿ ಅಲ್ಲಿಗೆ ತಡವಾಗಿ ಬಂತು. 1975ರಲ್ಲಿ ಕೂಡುಕುಟುಂಬ ಪದ್ಧತೀನೇ ರದ್ದು ಮಾಡೋ ಕಾಯ್ದೆ ಮಾಡಿದ್ರು. ಹಳೇ ಮನೆ ಬಿದ್ದಿದೆ, ಹೊಸ ಮನೆಗೆ ಹೊಸ ನೀತಿ ಬಂದಿದೆ, ಆದ್ರೆ ಅಜ್ಜಿಯಂದಿರ ನೆನಪು ಇನ್ನೂ ಹೋಗಿಲ್ಲ. ಈ ಸಂಧಿಕಾಲದಲ್ಲೇ ಆ ಸಿನಿಮಾಗಳು ಹುಟ್ಟಿದ್ದು. ಜೊತೆಗೆ ಗಂಡಸರು ಗಲ್ಫಿಗೆ ಹೊರಟಿದ್ರು, ಹೊಸದಾಗಿ ಮದುವೆಯಾದ ಹೆಂಡತಿ ಮನೇಲಿ, ಅವನು ಎರಡು ವರ್ಷಕ್ಕೊಮ್ಮೆ ಬರೋದು. ಊರಿಡೀ ಅವಳ ಮೇಲೆ ಒಂದು ಕಣ್ಣು. ಆ ಕಾಲದ ಸಿನಿಮಾದಲ್ಲಿ ಬಾಗಿಲ ಸಂದೀಲಿ, ಬೇಲಿ ಮರೇಲಿ, ಕೊಳದ ಮೆಟ್ಟಿಲ ಹತ್ರ ಯಾರೋ ಕದ್ದು ನೋಡೋ ಶಾಟ್ ಎಷ್ಟು ಸಲ ಬರತ್ತೆ ಗಮನಿಸಿ.

ಸಾಹಿತ್ಯದ ಕಾರಣಾನೂ ಇದೆ. ತಗಳಿ, ಉರೂಬ್, ಎಂ.ಟಿ. ವಾಸುದೇವನ್ ನಾಯರ್, ಈ ಸಾಹಿತಿಗಳೆಲ್ಲ ಸಿನಿಮಾಗೆ ಕಥೆ ಕೊಟ್ಟವರು ಅಥವಾ ತಾವೇ ಚಿತ್ರಕಥೆ ಬರೆದವರು. ಹಳ್ಳಿ ಹಳ್ಳೀಲೂ ವಾಚನಶಾಲೆ ಇದ್ದ ನಾಡು, ವಾರಪತ್ರಿಕೆ ಧಾರಾವಾಹಿಗೆ ಮನೆಮಂದಿಯೆಲ್ಲ ಕಾಯ್ತಿದ್ರು. ಪುಟದ ಮೇಲೆ ಓದಿ ಅಭ್ಯಾಸ ಆದದ್ದನ್ನ ಪರದೆ ಮೇಲೆ ನೋಡೋಕೆ ಜನ ತಯಾರಿದ್ರು. ಪಮ್ಮನ್ ಅನ್ನೋ ಹೆಸರಲ್ಲಿ ಬರೀತಿದ್ದ ಲೇಖಕರ ಕಾದಂಬರಿಯಿಂದ ಕೆ.ಎಸ್. ಸೇತುಮಾಧವನ್ 1974ರಲ್ಲಿ ‘ಚಟ್ಟಕ್ಕಾರಿ’ ತೆಗೆದ್ರು. ನಮ್ಮ ಲಕ್ಷ್ಮಿ ಅವ್ರೇ ನಾಯಕಿ, ಮರುವರ್ಷ ಹಿಂದೀಲಿ ‘ಜೂಲಿ’ ಆದಾಗಲೂ ಅವ್ರೇ. ಆಂಗ್ಲೋ ಇಂಡಿಯನ್ ಹುಡುಗಿ, ಮದುವೆಗೆ ಮುಂಚೆ ಬಸುರಿ. ಲಕ್ಷ್ಮಿ ಅವರ ಅಭಿನಯ ನನಗೆ ತುಂಬಾ ಇಷ್ಟ, ಆದ್ರೆ ಒಂದು ಮಾತು ಹೇಳ್ಲೇಬೇಕು, ಮೊಣಕಾಲು ಕಾಣೋ ಫ್ರಾಕ್ ಹಾಕಿ ಪ್ರೀತಿ ಮಾಡೋ ಹುಡುಗಿ ಬೇಕಾದಾಗ ಕಥೆಗಾರರು ಸುಲಭವಾಗಿ ಆಂಗ್ಲೋ ಇಂಡಿಯನ್ ಮನೆಗೇ ಹೋಗ್ತಿದ್ರು, ನಾಯರ್ ಮನೆ ಹುಡುಗಿಗೆ ಆ ಧೈರ್ಯ ಕೊಡ್ತಿರಲಿಲ್ಲ. ನಾಚಿಕೆ ಇಲ್ಲದವಳು ಅನ್ನೋ ಹಣೆಪಟ್ಟಿ ಯಾವಾಗ್ಲೂ ಬೇರೆಯವ್ರ ಮನೆ ಮಗಳಿಗೆ.

ಈಗ ನೀವು ಹೇಳಿದ ಭರತನ್, ಪದ್ಮರಾಜನ್‌ಗೆ ಬರೋಣ. ಭರತನ್ ಮೂಲತಃ ಚಿತ್ರಕಾರ, ಕಲಾನಿರ್ದೇಶಕ ಆಗಿದ್ದವರು. ಪದ್ಮರಾಜನ್ ಕಥೆಗಾರ. 1975ರಲ್ಲಿ ಇಬ್ರೂ ಸೇರಿ ಮಾಡಿದ ಮೊದಲ ಸಿನಿಮಾ ‘ಪ್ರಯಾಣಂ’, ವಯಸ್ಸಾದ ಪುರೋಹಿತನನ್ನ ಮದುವೆಯಾದ ಹುಡುಗಿಯ ಕಥೆ. ಆಮೇಲೆ 1978ರಲ್ಲಿ ‘ರತಿನಿರ್ವೇದಂ’, 1979ರಲ್ಲಿ ‘ತಕರ’. ಇವ್ರು ಬಯಕೇನ ಪಾಪ ಅಂತ ಹೇಳೋಕೆ ಹೋಗಲ್ಲ, ರುಚಿ ಹಚ್ಚಿ ಮಾರೋಕೂ ಹೋಗಲ್ಲ. ಮಳೆ, ಮಣ್ಣು, ನಾಗಬನ, ಸಂತೆ ಇದ್ದ ಹಾಗೆ ಅದೂ ಊರಲ್ಲಿ ಇರೋ ಒಂದು ಸಂಗತಿ. ‘ತಕರ’ದಲ್ಲಿ ಬುದ್ಧಿ ಅಷ್ಟಾಗಿ ಬೆಳೀದೇ ಇರೋ ಒಬ್ಬ ಅನಾಥನಿಗೆ ಹೆಣ್ಣಿನ ಮೇಲೆ ಆಸೆ ಹುಟ್ಟತ್ತೆ, ಹುಟ್ಟಿಸಿದವ್ನು ಊರಿನ ಮಾತುಗಾರ ಆಶಾರಿ, ಅಂದ್ರೆ ಬಡಗಿ, ತನಗೆ ಸಿಗದೇ ಇರೋದನ್ನ ಇವನ ಮೂಲಕ ಅನುಭವಿಸೋನು. ನೆಡುಮುಡಿ ವೇಣು ಅವ್ರು ಅದನ್ನ ಮಾಡಿರೋ ರೀತಿ ನೋಡಿ, ಊರಿನ ಗಂಡಸರ ಹಸಿವು ಪೂರ್ತಿ ಆ ಒಬ್ಬನ ಮುಖದಲ್ಲಿದೆ.

ಇವ್ರ ಸಿನಿಮಾನೆಲ್ಲ ಕಣ್ಣು ಮುಚ್ಚಿ ಒಪ್ಕೋಬೇಕು ಅಂತ ನಾನು ಹೇಳಲ್ಲ. ‘ರತಿನಿರ್ವೇದಂ’ ಹದಿಹರೆಯದ ಹುಡುಗನಿಗೆ ಪಕ್ಕದ ಮನೆಯ ದೊಡ್ಡ ಹೆಣ್ಣಿನ ಮೇಲೆ ಆಗೋ ಸೆಳೆತದ ಕಥೆ. ಹುಡುಗನ ವಯಸ್ಸು ನೆನೆದ್ರೆ ಇವತ್ತು ನಂಗೆ ಇರುಸುಮುರುಸು ಆಗತ್ತೆ, ಕ್ಲಾಸಲ್ಲಿ ಅದರ ಬಗ್ಗೆ ಮಾತಾಡ್ತೀನೇ ಹೊರತು ತೋರಿಸೋದು ಬಿಟ್ಟಿದ್ದೀನಿ. ಕೊನೇಲಿ ಹಾವು ಕಚ್ಚಿ ಸಾಯೋಳು ಅವಳೇ. ಈ ಲೆಕ್ಕಾಚಾರ ಹಳೇ ಸಿನಿಮಾದಲ್ಲಿ ಪದೇ ಪದೇ ಬರತ್ತೆ, ನೀಲಿ ಹಳಿ ಮೇಲೆ, ‘ಚೆಮ್ಮೀನ್’ನ ನಾಯಕಿ ಕರುತ್ತಮ್ಮ ದಡದ ಮೇಲೆ, ಇವಳು ನಾಗಬನದಲ್ಲಿ. ಬಯಕೆ ಇಬ್ಬರದ್ದು, ಬೆಲೆ ಮಾತ್ರ ಹೆಚ್ಚು ಸಲ ಹೆಣ್ಣಿನ ತಲೆ ಮೇಲೆ.

1978ರಲ್ಲೇ ಐ.ವಿ. ಶಶಿ ಅವರ ‘ಅವಳುಡೆ ರಾವುಗಳ್’ ಬಂತು. ನಿಮ್ಮ ಮಾವನವರ ವಯಸ್ಸಿನವ್ರಿಗೆ ಗೊತ್ತಿರೋ ಸಿನಿಮಾ ಇದೇ ಇರ್ಬಹುದು, ‘ಹರ್ ನೈಟ್ಸ್’ ಅನ್ನೋ ಹೆಸರಲ್ಲಿ ದೇಶ ಪೂರ್ತಿ ಓಡಾಡ್ತು. ಸೀಮಾ ಅವ್ರು ನಾಯಕಿಯಾಗಿ ಬೆಳಕಿಗೆ ಬಂದದ್ದು ಇದ್ರಲ್ಲೇ. ಪೋಸ್ಟರ್ ನೋಡಿ ಒಳಗೆ ಹೋದೋರಿಗೆ ಸಿಗೋದು ಏನು ಅಂದ್ರೆ ತಮ್ಮನನ್ನ ಓದಿಸೋಕೆ ರಾತ್ರಿ ಬೀದಿಗೆ ಇಳಿಯೋ ಒಬ್ಬ ಅನಾಥ ಹುಡುಗಿಯ ದುಃಖದ ಕಥೆ, ಎಸ್. ಜಾನಕಿ ಅಮ್ಮ ಹಾಡಿದ ‘ರಾಕೇಂದು ಕಿರಣಂಗಳ್’. ಎ ಸರ್ಟಿಫಿಕೇಟ್ ಸಿಕ್ಕಿದ್ದು ನಿಜ, ಕೆಲವು ದೃಶ್ಯ ಟಿಕೆಟ್‌ಗೋಸ್ಕರಾನೇ ಇಟ್ಟಿದ್ದು ಅನ್ನೋದೂ ನಿಜ. ಆದ್ರೆ ಆ ಸಿನಿಮಾ ಅವಳನ್ನ ಗೌರವದಿಂದ ನೋಡತ್ತೆ. ಅದು ಗೆದ್ದದ್ದು ನೋಡಿ ಹಿಂದಿನಿಂದ ಬಂದ ಸಾಲು ಸಾಲು ಸಿನಿಮಾಗಳು ಆ ಗೌರವಾನ ಬಿಟ್ಟು ಪೋಸ್ಟರನ್ನ ಮಾತ್ರ ತಗೊಂಡ್ವು.

ಸೆನ್ಸಾರ್‌ನವ್ರು ಹೇಗೆ ಬಿಟ್ರು ಅಂತ ಅನ್ನಿಸ್ಬಹುದು. 1969ರಲ್ಲಿ ಜಿ.ಡಿ. ಖೋಸ್ಲಾ ಸಮಿತಿ ವರದಿ ಕೊಟ್ಟು, ಕಥೆಗೆ ಬೇಕಿದ್ರೆ ಮುತ್ತು, ನಗ್ನತೆ ಇವನ್ನ ಒಂದೇ ಏಟಿಗೆ ನಿಷೇಧಿಸಬೇಕಿಲ್ಲ ಅಂದಿತ್ತು. 1970ರಲ್ಲಿ ಕೆ.ಎ. ಅಬ್ಬಾಸ್ ಕೇಸಲ್ಲಿ ಸುಪ್ರೀಂ ಕೋರ್ಟು ಸೆನ್ಸಾರ್ ಇರ್ಲಿ ಅಂತ ಹೇಳಿದ್ರೂ, ಲೈಂಗಿಕತೆ ಇದ್ದ ಮಾತ್ರಕ್ಕೆ ಅದು ಅಶ್ಲೀಲ ಆಗಲ್ಲ ಅನ್ನೋ ಮಾತನ್ನೂ ಹೇಳ್ತು. 70ರ ದಶಕದಲ್ಲಿ ಎಲ್ಲ ಭಾಷೆಯಲ್ಲೂ ಸ್ವಲ್ಪ ಗಾಳಿ ಆಡ್ತು. ನಮ್ಮಲ್ಲೂ ಆಡ್ತು ಅಲ್ವಾ. 1973ರ ‘ಎಡಕಲ್ಲು ಗುಡ್ಡದ ಮೇಲೆ’ ನೆನಪಿಸಿಕೊಳ್ಳಿ, ಯುದ್ಧದಿಂದ ಗಂಡಸುತನ ಕಳ್ಕೊಂಡು ಬಂದ ಗಂಡ, ಬಯಕೆ ಹತ್ತಿಕ್ಕಲಾಗದ ಮಾಧವಿ, ಜಯಂತಿ ಅವರ ಆ ಅಭಿನಯ. ಭಾರತೀಸುತರ ಕಾದಂಬರಿ, ಪುಟ್ಟಣ್ಣನವ್ರ ಸಿನಿಮಾ. ಎಡಕಲ್ಲು ಇರೋದೂ ವಯನಾಡಿನಲ್ಲೇ, ಕೇರಳದಲ್ಲಿ! ಅದನ್ನ ನಿಮ್ಮ ಮಾವ ಅತ್ತೆ ಇಬ್ರೂ ಥಿಯೇಟರಿಗೆ ಹೋಗಿ ನೋಡಿರ್ತಾರೆ, ಹಾಡು ಗುನುಗಿರ್ತಾರೆ. ನಮ್ಮ ಭಾಷೇಲಿ ಬಂದಾಗ ಅದು ಕಲಾಕೃತಿ, ಯಾಕಂದ್ರೆ ಮಾತು ಅರ್ಥ ಆಗತ್ತೆ, ಮಾಧವಿಯ ಸಂಕಟ ಅರ್ಥ ಆಗತ್ತೆ. ಅರ್ಥ ಆಗದ ಭಾಷೇಲಿ ಮೈ ಮಾತ್ರ ಉಳಿಯತ್ತೆ.

ಇನ್ನು ನಿಜವಾಗ್ಲೂ ‘ಆ ಥರದ’ ಸಿನಿಮಾ ಇರಲೇ ಇಲ್ವಾ? ಇತ್ತು. 1988ರ ‘ಆದಿಪಾಪಂ’ನಿಂದ ಅದು ಬೇರೆಯದೇ ಒಂದು ಉದ್ಯಮ ಆಯ್ತು. ಪಿ. ಚಂದ್ರಕುಮಾರ್ ಅಂತ, ಅದಕ್ಕೆ ಮುಂಚೆ ಮಾಮೂಲಿ ಕೌಟುಂಬಿಕ ಸಿನಿಮಾ ತೆಗೆದಿದ್ದ ನಿರ್ದೇಶಕರು, ಆದಾಮ ಹವ್ವರ ಕಥೆ ಅನ್ನೋ ಹೆಸರಲ್ಲಿ ಕಡಿಮೆ ಖರ್ಚಲ್ಲಿ ತೆಗೆದದ್ದು ಭರ್ಜರಿ ಓಡ್ತು. ಇಲ್ಲೊಂದು ಸಂಗತಿ ನನ್ನನ್ನ ಯಾವಾಗ್ಲೂ ಕಾಡತ್ತೆ. ಅದಕ್ಕೆ ಎರಡೇ ವರ್ಷ ಮುಂಚೆ, 1986ರಲ್ಲಿ, ಪದ್ಮರಾಜನ್ ಅದೇ ಬೈಬಲಿನಿಂದ ಪರಮಗೀತದ ಸಾಲು ತಗೊಂಡು ‘ನಮುಕ್ಕು ಪಾರ್ಕ್ಕಾನ್ ಮುಂದಿರಿತ್ತೋಪ್ಪುಗಳ್’ ಮಾಡಿದ್ರು. ನಮ್ಮ ಮೈಸೂರಲ್ಲಿ ನಡೆಯೋ ಕಥೆ, ದ್ರಾಕ್ಷಿತೋಟ, ಟ್ಯಾಂಕರ್ ಲಾರಿ ಓಡಿಸೋ ಸೋಲೊಮನ್, ಪಕ್ಕದ ಮನೆಗೆ ಬರೋ ಸೋಫಿಯಾ. ಮಲತಂದೆಯಿಂದ ಅವಳ ಮೇಲೆ ಅತ್ಯಾಚಾರ ಆಗತ್ತೆ. ಅಲ್ಲೀವರೆಗಿನ ಸಿನಿಮಾಗಳಲ್ಲಿ ಅಂಥ ಹುಡುಗಿಗೆ ಬಾವಿಯೋ ಹಗ್ಗವೋ ಗತಿ. ಇಲ್ಲಿ ಅವನು ಬರ್ತಾನೆ, ಅವಳನ್ನ ಲಾರಿಗೆ ಹತ್ತಿಸ್ಕೊಂಡು ಹೋಗ್ತಾನೆ, ಅಷ್ಟೇ. ಒಂದು ಭಾಷಣ ಇಲ್ಲ. ಒಂದೇ ಪುಸ್ತಕದಿಂದ ಎರಡು ವರ್ಷದ ಅಂತರದಲ್ಲಿ ಎರಡು ಸಿನಿಮಾ, ಹೊರಗಿನವ್ರ ಬಾಯಲ್ಲಿ ಎರಡೂ ‘ಮಲಯಾಳಂ ಪಿಚ್ಚರ್’.

ಆಮೇಲೆ 1989ರ ‘ಲಯನಂ’, ಅದ್ರಲ್ಲಿ ಸಿಲ್ಕ್ ಸ್ಮಿತಾ. ಅವ್ರು ನಮ್ಮ ‘ಹಳ್ಳಿ ಮೇಷ್ಟ್ರು’ ಸಿನಿಮಾದಲ್ಲೂ ಇದ್ರು, ಒಳ್ಳೇ ನಟಿ, ಆ ಕಣ್ಣಲ್ಲಿ ಇದ್ದ ಶಕ್ತೀನ ಬಳಸ್ಕೊಂಡ ನಿರ್ದೇಶಕರು ಬೆರಳೆಣಿಕೆ. 1996ರ ಸೆಪ್ಟೆಂಬರ್ 23ರಂದು ಚೆನ್ನೈನಲ್ಲಿ ತೀರಿಕೊಂಡ್ರು, ವಯಸ್ಸು 35. ಅವ್ರ ಸಿನಿಮಾಗೆ ಶಿಳ್ಳೆ ಹೊಡೆದ ಜನ ಎಷ್ಟು, ಅವ್ರ ಸಾವಿಗೆ ಬಂದೋರು ಎಷ್ಟು ಅಂತ ಯೋಚಿಸಿದ್ರೆ ಹೊಟ್ಟೆ ಕಿವುಚಿದ ಹಾಗೆ ಆಗತ್ತೆ. 2000ದಲ್ಲಿ ‘ಕಿನ್ನಾರತ್ತುಂಬಿಗಳ್’ ಬಂದು ಶಕೀಲಾ ಅಲೆ ಎದ್ದಿತು. ಆಗ ದೊಡ್ಡ ಸಿನಿಮಾಗಳು ಸೋಲ್ತಿದ್ವು, ಟಿವಿ ಬಂದು ಸಣ್ಣ ಊರಿನ ಟಾಕೀಸುಗಳು ಮುಚ್ಚೋ ಸ್ಥಿತಿ. ಕೆಲವೇ ದಿನದಲ್ಲಿ ಶೂಟಿಂಗ್ ಮುಗಿಸೋ ಈ ಸಿನಿಮಾಗಳ ಬಾಡಿಗೆಯಿಂದಲೇ ಎಷ್ಟೋ ಟಾಕೀಸಿನವ್ರು ಕರೆಂಟ್ ಬಿಲ್ಲು ಕಟ್ಟಿದ್ರು ಅಂತ ಅವ್ರೇ ನಂಗೆ ಹೇಳಿದ್ದಾರೆ. ತನ್ನ ಹೆಸರಲ್ಲಿ ಓಡಿದ ಎಷ್ಟೋ ದೃಶ್ಯ ತನ್ನದಲ್ಲ, ಡ್ಯೂಪ್ ಇಟ್ಟು ತೆಗೆದದ್ದು ಅಂತ ಶಕೀಲಾ ಅವ್ರು ಆಮೇಲೆ ಹೇಳಿಕೊಂಡ್ರು. ನಮ್ಮ ಇಂದ್ರಜಿತ್ ಲಂಕೇಶ್, ಶಕೀಲಾ ಅವ್ರ ಬದುಕಿನ ಬಗ್ಗೆ 2020ರಲ್ಲಿ ಸಿನಿಮಾ ಕೂಡ ಮಾಡಿದ್ರು. ಕೆಲವೇ ವರ್ಷದಲ್ಲಿ ಸಿಡಿ, ಇಂಟರ್‌ನೆಟ್ ಬಂದು ಆ ಅಲೆ ಇಳೀತು, ಹೆಸರು ಮಾತ್ರ ಇಳೀಲಿಲ್ಲ.

ಹಾಗಂತ ‘ಒಳ್ಳೇ ಸಿನಿಮಾ’ದಲ್ಲಿ ಹೆಣ್ಣು ಸುರಕ್ಷಿತವಾಗಿದ್ಲು, ‘ಕೆಟ್ಟ ಸಿನಿಮಾ’ದಲ್ಲಿ ಮಾತ್ರ ಶೋಷಣೆ ಅಂತ ಗೆರೆ ಎಳೆಯೋಕೆ ಹೋಗ್ಬೇಡಿ. ಮಲಯಾಳಂ ಚಿತ್ರರಂಗದಲ್ಲಿ ಹೆಂಗಸರಿಗೆ ಆಗೋ ಕಿರುಕುಳ, ಶೋಷಣೆ ಬಗ್ಗೆ 2024ರ ಆಗಸ್ಟಲ್ಲಿ ಹೊರಗೆ ಬಂದ ನ್ಯಾಯಮೂರ್ತಿ ಹೇಮಾ ಸಮಿತಿ ವರದಿ ಮಾತಾಡಿದ್ದು ಮುಖ್ಯವಾಹಿನಿ ಉದ್ಯಮದ ಬಗ್ಗೇನೇ.

ನೀವು ನೋಡಿದ ಆ ಮುಖ ಕಾಣದ ಸೀನಿಗೆ ಬರ್ತೀನಿ. ಅದಕ್ಕೆ ನಮ್ಮ ಕಡೆ ‘ಬಿಟ್’ ಅಂತಾರೆ, ಮಲಯಾಳಂನಲ್ಲಿ ‘ತುಂಡು’. ಸೆನ್ಸಾರ್ ಆದ ಮೇಲೆ, ನಿರ್ದೇಶಕರಿಗೂ ನಟಿಗೂ ಗೊತ್ತಿಲ್ದೆ, ಬೇರೆಲ್ಲೋ ತೆಗೆದ ತುಂಡನ್ನ ಮಧ್ಯಕ್ಕೆ ಅಂಟಿಸೋದು. 35 ಎಂಎಂ ರೀಲಿನಲ್ಲಿ ಒಂದು ನಿಮಿಷಕ್ಕೆ 90 ಅಡಿ, ಮೂರು ನಿಮಿಷದ ಬಿಟ್ ಅಂದ್ರೆ 270 ಅಡಿಯ ಒಂದು ಸಣ್ಣ ಸುರುಳಿ, ಚೀಲದಲ್ಲಿ ಹಿಡಿಸತ್ತೆ. ಪೊಲೀಸರು ಬರೋ ಸುದ್ದಿ ಬಂದ್ರೆ ಆಪರೇಟರ್ ಐದು ನಿಮಿಷದಲ್ಲಿ ಕತ್ತರಿಸಿ ತೆಗೀತಿದ್ದ, ಇಲ್ಲದ ದಿನ ಮತ್ತೆ ಸೇರಿಸ್ತಿದ್ದ. ಇದು ಸಿನಿಮಾಟೋಗ್ರಾಫ್ ಕಾಯ್ದೆ ಪ್ರಕಾರ ಆಗಲೂ ಅಪರಾಧ, ಈಗಲೂ ಅಪರಾಧ. ಆ ಹಾಳಾದ ಪ್ರಿಂಟುಗಳಿಂದಲೇ ವಿಸಿಡಿ ಮಾಡಿದ್ರು, ಆ ವಿಸಿಡಿಗಳೇ ಯೂಟ್ಯೂಬಿಗೆ ಹೋದ್ವು. ಹಾಗಾಗಿ ನೀವು ನೋಡಿದ ಸೀನು ಆ ಸಿನಿಮಾದ್ದಲ್ಲ ಅಂತ ನೂರಕ್ಕೆ ತೊಂಬತ್ತು ಪಾಲು ಹೇಳಬಲ್ಲೆ.

ಗುರುತು ಹಿಡಿಯೋಕೆ ದಾರಿ ಇದೆ. ಬಣ್ಣ ಥಟ್ಟಂತ ಬದಲಾಗತ್ತೆ, ಹಿನ್ನೆಲೆ ಸಂಗೀತ ಕತ್ತರಿಸಿದ ಹಾಗೆ ನಿಲ್ಲತ್ತೆ, ಮನೆ ಬೇರೆ, ಮಂಚ ಬೇರೆ, ಮುಖ ಇರಲ್ಲ. ಇನ್ನೊಂದು, ಸಿನಿಮಾ ಶುರುವಿನಲ್ಲಿ ಬರೋ ಸರ್ಟಿಫಿಕೇಟನ್ನ ನಿಲ್ಲಿಸಿ ನೋಡಿ. ಉದ್ದ ಮೀಟರಲ್ಲಿ ಇರತ್ತೆ, ಅದನ್ನ 27.4ರಿಂದ ಭಾಗಿಸಿ, ನಿಮಿಷ ಸಿಗತ್ತೆ. 3,900 ಮೀಟರ್ ಅಂದ್ರೆ ಸುಮಾರು 142 ನಿಮಿಷ. ವಿಸಿಡಿ ಕಾಲದ ಕಾಪಿಗಳು ಸ್ವಲ್ಪ ವೇಗವಾಗಿ ಓಡೋದ್ರಿಂದ ಅದೇ ಸಿನಿಮಾ 136 ನಿಮಿಷ ಬರ್ಬಹುದು, ಅದು ಸರಿ. 150 ತೋರಿಸಿದ್ರೆ ಏನೋ ಸೇರಿಸಿದ್ದಾರೆ, 110 ತೋರಿಸಿದ್ರೆ ಯಾರೋ ಹಾಡು, ದೃಶ್ಯ ಹಾರಿಸಿದ್ದಾರೆ. ಸರ್ಟಿಫಿಕೇಟ್ ಮೇಲೆ ಸಣ್ಣ ತ್ರಿಕೋನ ಇದ್ರೆ ಸೆನ್ಸಾರ್‌ನವ್ರು ಕತ್ತರಿ ಹಾಕಿದ್ದಾರೆ ಅಂತ ಅರ್ಥ.

ಓದುಬಳಗದಲ್ಲಿ ತೋರಿಸೋ ವಿಷ್ಯ. ಧಾರಾಳವಾಗಿ ಮಾಡಿ, ಆದ್ರೆ ಕೆಲವು ತೊಡಕು ಮೊದಲೇ ಹೇಳ್ತೀನಿ. ಕ್ಲಬ್‌ಹೌಸಲ್ಲಿ ಪರದೆ ಕಟ್ಟಿ ತೋರಿಸೋಕೆ, ಟಿಕೆಟ್ ಇಲ್ದಿದ್ರೂ, ಹಕ್ಕು ಇರೋರ ಅನುಮತಿ ಬೇಕು, ಮನೆಗೆ ಅಂತ ತಗೊಂಡ ಓಟಿಟಿ ಅಕೌಂಟಲ್ಲಿ ಆ ಅನುಮತಿ ಬರಲ್ಲ. ಯೂಟ್ಯೂಬಲ್ಲಿ ಯಾರೋ ಹಾಕಿದ ಕಾಪಿ ಹಾಕಿದ್ರೆ 12 ಜನ ಹೆಂಗಸರ ಮುಂದೆ ಯಾವ ಬಿಟ್ ಬರತ್ತೋ ಗೊತ್ತಿಲ್ಲ, ಆ ಅಪಾಯ ತಗೋಬೇಡಿ. ಸುಲಭದ ದಾರಿ ಅಂದ್ರೆ ಹಕ್ಕು ಇರೋ ಕಂಪನಿಯ ಅಧಿಕೃತ ಕಾಪಿ ಯಾವ್ದು ಅಂತ ನೀವೇ ಮೊದಲು ಪೂರ್ತಿ ನೋಡಿ, ಎಲ್ರೂ ಅವರವರ ಮನೇಲಿ ನೋಡ್ಕೊಂಡು ಬರ್ಲಿ, ಮಾತುಕತೆಗೆ ಮಾತ್ರ ಒಟ್ಟಿಗೆ ಕೂರಿ. ಎಷ್ಟೋ ಜನಕ್ಕೆ ಇಂಥ ಸಿನಿಮಾನ ಬೇರೆಯವ್ರ ಪಕ್ಕ ಕೂತು ನೋಡೋದಕ್ಕಿಂತ ಒಬ್ಬರೇ ನೋಡಿ ಆಮೇಲೆ ಮಾತಾಡೋದು ಹಗುರ, ಇದು ನನ್ನ ಅನುಭವ.

ಯಾವ ಸಿನಿಮಾ? ‘ಮುಂದಿರಿತ್ತೋಪ್ಪುಗಳ್’ ಇಡೋದಾದ್ರೆ ಮನೆಯೊಳಗಿನ ಅತ್ಯಾಚಾರದ ವಿಷ್ಯ ಇದೆ ಅಂತ ವಾಟ್ಸಾಪ್ ಗ್ರೂಪಲ್ಲಿ ಮುಂಚೇನೇ ಹೇಳ್ಬಿಡಿ. 12 ಜನದಲ್ಲಿ ಯಾರಿಗೆ ಏನು ಆಗಿರತ್ತೋ ನಮಗೆ ಗೊತ್ತಿರಲ್ಲ. ಒಂದು ಸಲ ಹೀಗೆ ಹೇಳ್ದೇ ಒಂದು ಕ್ಲಾಸಲ್ಲಿ ತೋರಿಸಿ, ಒಬ್ಬ ಹುಡುಗಿ ಮಧ್ಯದಲ್ಲೇ ಎದ್ದು ಹೊರಗೆ ಹೋಗಿ ಒಂದು ಗಂಟೆ ಮೆಟ್ಟಿಲ ಮೇಲೆ ಕೂತಿದ್ಲು, ಆ ತಪ್ಪು ನಂದು, ಮತ್ತೆ ಮಾಡಿಲ್ಲ. 1987ರ ‘ತೂವಾನತ್ತುಂಬಿಗಳ್’ ಆದ್ರೆ ಮಾತಿಗೆ ತುಂಬಾ ಸಿಗತ್ತೆ. ನಮ್ಮ ಸುಮಲತಾ ಅವ್ರೇ ಕ್ಲಾರಾ, ಅವಳು ಬಂದಾಗೆಲ್ಲ ಮಳೆ, ಜಾನ್ಸನ್ ಅವರ ಹಿನ್ನೆಲೆ ಸಂಗೀತ. ಹಾಗೆ ಬದುಕಿದ ಹೆಣ್ಣಿಗೆ ಕೊನೇಲಿ ಸಾವು ಕೊಡದೇ, ಅವಳದ್ದೇ ಒಂದು ಸಂಸಾರ ಕೊಟ್ಟ ಸಿನಿಮಾ ಅದು. ಮೈಮಾರಾಟದ ಕಷ್ಟಾನ ಅದು ಮಳೇಲಿ ತೊಳೆದು ಚೆಂದ ಮಾಡ್ತಾ ಅಂತಾನೂ ಕೇಳ್ಬಹುದು, ನನ್ನ ವಿದ್ಯಾರ್ಥಿನಿಯರು ಪ್ರತಿ ವರ್ಷ ಕೇಳ್ತಾರೆ, ಆ ಜಗಳ ನಡೀಲಿ.

ಮಾವನವ್ರ ಜೊತೆ ವಾದಕ್ಕೆ ಇಳೀಬೇಡಿ. ಅವ್ರು ಆ ಕಾಲದಲ್ಲಿ ನೋಡಿದ ಪೋಸ್ಟರ್ ಅವ್ರ ಮನಸ್ಸಲ್ಲಿದೆ, ಬಹುಶಃ ಸ್ವಲ್ಪ ಮುಜುಗರಾನೂ ಇದೆ, ಅದನ್ನ ಸೊಸೆ ಮುಂದೆ ಬಿಡಿಸಿ ಹೇಳೋಕೆ ಅವ್ರಿಗಾದ್ರೂ ಹೇಗೆ ಆಗತ್ತೆ? ಒಂದು ಸಂಜೆ ಅತ್ತೆ ಮಾವ ಇಬ್ರನ್ನೂ ಕೂರಿಸ್ಕೊಂಡು ‘ಎಡಕಲ್ಲು ಗುಡ್ಡದ ಮೇಲೆ’ ಹಾಕಿ, ಅದು ಅವ್ರದ್ದೇ ಕಾಲದ್ದು, ಅವ್ರೇ ನಿಮಗೆ ಕಥೆ ಹೇಳ್ತಾರೆ. ಒಂದೆರಡು ವಾರ ಬಿಟ್ಟು ‘ಚೆಮ್ಮೀನ್’ ಹಾಕಿ. ಸಬ್‌ಟೈಟಲ್ ಓದೋಕೆ ಅವ್ರಿಗೆ ಕಷ್ಟ ಆದ್ರೆ ಪಕ್ಕದಲ್ಲಿ ಕೂತು ನೀವೇ ಕನ್ನಡದಲ್ಲಿ ಹೇಳ್ತಾ ಹೋಗಿ, ಕಾಸರಗೋಡಲ್ಲಿ ಮಲಯಾಳಂ ಅಷ್ಟಾಗಿ ಬರದ ನಮ್ಮಜ್ಜಿಗೆ ಚಿಕ್ಕಮ್ಮ ಹಾಗೇ ಹೇಳ್ತಿದ್ರು.